ನಾನೂರ ನಲವತ್ತೈದು ದಿನಗಳ ಒಂದು ವರ್ಷ

ಕ್ರಿ.ಪೂ. 190ರಲ್ಲಿ ಒಂದು ದಿನ ರೋಮ್ ನಗರದಲ್ಲಿ ಹಾಡುಹಗಲಲ್ಲೇ ಬೆಳಕು ಮಂಕಾಯಿತು. ಅಂದು ಸೂರ್ಯಗ್ರಹಣ. ಇತಿಹಾಸಕಾರನಾದ ಲಿವಿ ಅದನ್ನು ದಿನಾಂಕಸಹಿತವಾಗಿ ಬರೆದಿಟ್ಟಿದ್ದಾನೆ. ಆಗ ಕ್ವಿಂಟಿಲಿಸ್ ಎನಿಸಿಕೊಂಡಿದ್ದ ಜುಲೈ ತಿಂಗಳ 11ನೆಯ ದಿನವದು. ಆದರೆ ಖಗೋಳಶಾಸ್ತ್ರಜ್ಞರು ಹಿಂದಕ್ಕೆ ಗಣಿತ ಹಾಕಿ ನೋಡಿದರೆ, ಆ ಗ್ರಹಣ ಹಿಡಿದದ್ದು ಮಾರ್ಚ್ 14ರಂದು! ಲಿವಿ ಸುಳ್ಳು ಬರೆದವನಲ್ಲ, ಸೂರ್ಯಚಂದ್ರರಂತೂ ತಪ್ಪುವವರಲ್ಲ. ತಪ್ಪಿದ್ದು ರೋಮಿನ ಪಂಚಾಂಗ. ಅದು ಋತುಗಳನ್ನು ಹಿಂದೆ ಬಿಟ್ಟು ಸುಮಾರು ನಾಲ್ಕು ತಿಂಗಳು ಮುಂದೆ ಓಡಿಹೋಗಿದ್ದಿತು.

ಕ್ರಿ.ಪೂ. 168ರಲ್ಲಿ, ಪಿಡ್ನಾ ಯುದ್ಧದ ಹಿಂದಿನ ರಾತ್ರಿ, ಚಂದ್ರಗ್ರಹಣವಾಯಿತು. ಆಕಾಶದ ಲೆಕ್ಕದಲ್ಲಿ ಅದು ಜೂನ್ 21. ರೋಮನರ ಲೆಕ್ಕದಲ್ಲಿ ಸೆಪ್ಟೆಂಬರ್ 3. ಅಂತರವು ಎರಡೂವರೆ ತಿಂಗಳಿಗೆ ಇಳಿದಿದ್ದಿತು. ದಿನವೂ ಐದು ನಿಮಿಷ ಮುಂದೆ ಹೋಗುವ ಗಡಿಯಾರವನ್ನು ಹೇಗಾದರೂ ತಿದ್ದಿಕೊಳ್ಳಬಹುದು. ಒಂದು ದಿನ ಹೀಗೆ, ಮತ್ತೊಂದು ದಿನ ಹಾಗೆ ನಡೆಯುವುದನ್ನು ನಂಬುವುದೆಂತು?

ಈ ಅವಸ್ಥೆಗೆ ಕಾರಣವನ್ನು ಆಕಾಶದಲ್ಲಿ ಹುಡುಕಬೇಕಾಗಿಲ್ಲ. ರೋಮನರ ವರ್ಷಕ್ಕೆ 355 ದಿನಗಳು. ಸೂರ್ಯನೊಡನೆ ಹೊಂದಿಕೊಳ್ಳಲು ಅವರೂ ನಮ್ಮ ಅಧಿಕಮಾಸದಂತೆ ಆಗಾಗ ಒಂದು ತಿಂಗಳನ್ನು ಸೇರಿಸುತ್ತಿದ್ದರು. ಫೆಬ್ರುವರಿಯನ್ನು 23ಕ್ಕೋ 24ಕ್ಕೋ ಕತ್ತರಿಸಿ, ಅಲ್ಲಿ 27 ದಿನಗಳ ತಿಂಗಳೊಂದನ್ನು ತುರುಕಿದರೆ ವರ್ಷವು 377 ಅಥವಾ 378 ದಿನಗಳಷ್ಟಾಗುತ್ತಿತ್ತು. ಆದರೆ ನಮ್ಮ ಅಧಿಕಮಾಸವನ್ನು ನಿರ್ಣಯಿಸುವವನು ಸೂರ್ಯ. ಯಾವ ಚಾಂದ್ರಮಾಸದಲ್ಲಿ ಸಂಕ್ರಮಣ ಬೀಳುವುದಿಲ್ಲವೋ ಅದೇ ಅಧಿಕ. ರೋಮಿನಲ್ಲಿ ಅದನ್ನು ನಿರ್ಣಯಿಸುತ್ತಿದ್ದವರು ಪಾಂಟಿಫ್ ಎಂಬ ಪುರೋಹಿತರು. ಇವರು ಬರಿಯ ಪೂಜಾರಿಗಳಲ್ಲ, ರಾಜಕಾರಣಿಗಳು. ಅಧಿಕಾರಿಗಳ ಅವಧಿ ಒಂದು ವರ್ಷ. ಮಿತ್ರನು ಅಧಿಕಾರದಲ್ಲಿದ್ದರೆ ವರ್ಷವನ್ನು ಹಿಗ್ಗಿಸುವುದು, ಶತ್ರುವಾದರೆ ಕುಗ್ಗಿಸುವುದು, ತೆರಿಗೆ ಗುತ್ತಿಗೆದಾರರಿಗೆ ಲಾಭ ನಷ್ಟ ಮಾಡಿಕೊಡುವುದು ಇವೆಲ್ಲ ನಡೆಯುತ್ತಿದ್ದವೆಂದು ಪ್ರಾಚೀನ ಲೇಖಕರೇ ದೂರಿದ್ದಾರೆ. ಸಾಲದ ಬಡ್ಡಿಯನ್ನು ಕಟ್ಟುತ್ತಿದ್ದುದು ತಿಂಗಳ ಮೊದಲ ದಿನವಾದ 'ಕಲೆಂಡೇ'ಯಂದು. ಸಾಲದ ಲೆಕ್ಕದ ಪುಸ್ತಕದ ಹೆಸರು 'ಕಲೆಂಡೇರಿಯಂ'. ನಾವು ಗೋಡೆಗೆ ತೂಗುಹಾಕುವ ಕ್ಯಾಲೆಂಡರು ಆ ಪುಸ್ತಕದ ವಂಶಜವೇ.

ಇದರಿಂದ ಮನುಷ್ಯನೊಬ್ಬನು ಪಡುವ ಪಾಡನ್ನು ಸಿಸೆರೊನಲ್ಲಿ ಕಾಣಬಹುದು. ಕ್ರಿ.ಪೂ. 51ರಲ್ಲಿ ಈ ಮಹಾವಾಗ್ಮಿಯನ್ನು ಒಂದು ವರ್ಷದ ಮಟ್ಟಿಗೆ ಇಂದಿನ ತುರ್ಕಿಯ ದಕ್ಷಿಣದಲ್ಲಿದ್ದ ಸಿಲಿಸಿಯ ಪ್ರಾಂತಕ್ಕೆ ರಾಜ್ಯಪಾಲನನ್ನಾಗಿ ಕಳುಹಿಸಲಾಯಿತು. ಅವನಿಗೆ ಅಲ್ಲಿ ಒಂದು ದಿನವೂ ಬೇಡ, ಮನಸ್ಸೆಲ್ಲ ರೋಮಿನಲ್ಲಿ. ವರ್ಷಕ್ಕೆ ಅಧಿಕಮಾಸ ಬಿದ್ದೀತೆಂದು ಹೆದರಿ, ಹಾಗಾಗದಂತೆ ನೋಡಿಕೊಳ್ಳೆಂದು ಗೆಳೆಯ ಅಟಿಕಸನಿಗೆ ಪತ್ರಗಳಲ್ಲಿ ಅಂಗಲಾಚಿದನು. ಮರುವರ್ಷದ ಫೆಬ್ರುವರಿಯ ಪತ್ರವೊಂದರಲ್ಲಿ ಅವನು ಮಾರ್ಚಿ ತಿಂಗಳಿಂದ ಹಿಂದಕ್ಕೆ ಎಣಿಸುವ ವಾಡಿಕೆಯನ್ನು ಬಿಟ್ಟು, 23ನೆಯ ತಾರೀಖಿನ ಟರ್ಮಿನೇಲಿಯ ಹಬ್ಬದಿಂದ ಹಿಂದಕ್ಕೆ ಎಣಿಸಿ ದಿನವನ್ನು ಸೂಚಿಸಿದ್ದಾನೆ. ಆ ಹಬ್ಬದ ಮುಂದೆ ಬರುವುದು ಮಾರ್ಚಿಯೋ ಅಧಿಕಮಾಸವೋ ಎಂಬುದು ಅಷ್ಟು ದೂರದಲ್ಲಿದ್ದವನಿಗೆ ತಿಳಿಯುವ ಬಗೆ ಯಾವುದು? ಸಾಮ್ರಾಜ್ಯದ ಒಂದು ಪ್ರಾಂತವನ್ನಾಳುವವನಿಗೆ ಮುಂದಿನ ತಿಂಗಳು ಯಾವುದೆಂಬುದೇ ಗೊತ್ತಿಲ್ಲ!

ಆ ವರ್ಷ ಅಧಿಕಮಾಸ ಬೀಳಲಿಲ್ಲ. ಬೇಕೆಂದು ಕೇಳಿದ್ದವನು ಟ್ರಿಬ್ಯೂನನಾಗಿದ್ದ ಕ್ಯೂರಿಯೊ. ಪುರೋಹಿತ ಮಂಡಲಿಯು ಒಪ್ಪಲಿಲ್ಲ. ಅವನು ಮುನಿದು ಜೂಲಿಯಸ್ ಸೀಸರನ ಪಕ್ಷವನ್ನು ಸೇರಿದನು. ಅದು ಬರಿಯ ನೆಪವೆನ್ನುವವರೂ ಉಂಟು. ಸೋಜಿಗವೆಂದರೆ ಕ್ರಿ.ಪೂ. 63ರಿಂದಲೂ ಆ ಮಂಡಲಿಯ ಮುಖ್ಯಸ್ಥನು ಸೀಸರನೇ. ಅವನು ಗಾಲ್ ದೇಶದ ಯುದ್ಧದಲ್ಲಿ, ಅನಂತರ ಅಂತರ್ಯುದ್ಧದಲ್ಲಿ ಮುಳುಗಿದ್ದನು, ಪಂಚಾಂಗವನ್ನು ಕೇಳುವವರಿರಲಿಲ್ಲ. ಕ್ರಿ.ಪೂ. 48ರ ಜನವರಿ 4ರಂದು ಅವನು ಪಾಂಪೆಯನ್ನು ಬೆನ್ನಟ್ಟಿ ಕಡಲಿಗಿಳಿದಾಗ ಸೂರ್ಯನ ಲೆಕ್ಕದಲ್ಲಿ ಅದಿನ್ನೂ ನವೆಂಬರಿನ ಆರಂಭ. ಸುಗ್ಗಿಯ ಹಬ್ಬ ಸುಗ್ಗಿಯಲ್ಲಿ ಬರಲಿಲ್ಲ, ದ್ರಾಕ್ಷಿ ಕೊಯ್ಲಿನ ಹಬ್ಬ ಕೊಯ್ಲಿನಲ್ಲಿ ಬರಲಿಲ್ಲ.

ಗೆದ್ದು ಬಂದ ಸೀಸರನು ಅಲೆಕ್ಸಾಂಡ್ರಿಯದ ಸೋಸಿಜೆನಿಸ್ ಎಂಬ ಜ್ಯೋತಿರ್ವಿದನ ಸಲಹೆಯಂತೆ ಈ ರೋಗಕ್ಕೆ ಚಿಕಿತ್ಸೆ ಮಾಡಿದನು. ಕ್ರಿ.ಪೂ. 46ರಲ್ಲಿ ಫೆಬ್ರುವರಿಯ ಬಳಿ ಎಂದಿನಂತೆ 23 ದಿನಗಳು ಸೇರಿದವು. ಸಾಲದೆ, ನವೆಂಬರ್ ಡಿಸೆಂಬರುಗಳ ನಡುವೆ ಎರಡು ಹೊಸ ತಿಂಗಳುಗಳಾಗಿ 67 ದಿನಗಳು. ಒಟ್ಟು 445 ದಿನ, 15 ತಿಂಗಳು. ನವೆಂಬರ್ ಮುಗಿಸಿದ ಗೃಹಸ್ಥನು ಡಿಸೆಂಬರನ್ನು ಕಾಣಲು ಎರಡು ತಿಂಗಳಿಗಿಂತ ಹೆಚ್ಚು ಕಾಯಬೇಕಾಯಿತು. ಮುಂದೆ ಮ್ಯಾಕ್ರೋಬಿಯಸ್ ಇದಕ್ಕೆ 'ಗೊಂದಲದ ಕೊನೆಯ ವರ್ಷ' ಎಂದು ಹೆಸರಿಟ್ಟನು. ಕ್ರಿ.ಪೂ. 45ರ ಜನವರಿ 1ರಿಂದ 365 ದಿನಗಳ ವರ್ಷವೂ ನಾಲ್ಕು ವರ್ಷಕ್ಕೊಂದು ಅಧಿಕ ದಿನವೂ ಜಾರಿಗೆ ಬಂದವು. ಸಂತೋಷಪಡದವರೂ ಇದ್ದರು. ನಾಳೆ ವೀಣಾಮಂಡಲದ ಉದಯವೆಂದು ಯಾರೋ ಅಂದಾಗ ಸಿಸೆರೊ, ಹೌದು, ಸರ್ಕಾರಿ ಅಪ್ಪಣೆಯಾಗಿದೆಯಲ್ಲ ಎಂದು ಚುಚ್ಚಿದನಂತೆ.

ಹೊಸ ಪಂಚಾಂಗಕ್ಕೆ ಇನ್ನೂ ಒಂದೂವರೆ ವರ್ಷ ತುಂಬಿರಲಿಲ್ಲ, ಸೀಸರನ ಕೊಲೆಯಾಯಿತು. ಪುರೋಹಿತರ ಕೈ ಮತ್ತೆ ಎಡವಿತು. ಅಧಿಕ ದಿನ ಬಿದ್ದ ವರ್ಷವನ್ನೂ ಎಣಿಕೆಯಲ್ಲಿ ಸೇರಿಸಿಕೊಂಡು, ನಾಲ್ಕಕ್ಕೊಮ್ಮೆ ಎಂಬುದನ್ನು ಮೂರಕ್ಕೊಮ್ಮೆ ಮಾಡಿದರು. 36 ವರ್ಷಗಳಲ್ಲಿ 9ರ ಬದಲು 12 ಅಧಿಕ ದಿನಗಳಾದವು. ಇದೇ ಕಾಲದಲ್ಲಿ, ಕ್ರಿ.ಪೂ. 15ರ ಸುಮಾರಿಗೆ, ಗಾಲ್ ದೇಶದಲ್ಲಿ ಲಿಸಿನಸ್ ಎಂಬ ಅಧಿಕಾರಿಯು ಕಂದಾಯವನ್ನು ತಿಂಗಳ ಲೆಕ್ಕದಲ್ಲಿ ವಸೂಲು ಮಾಡುತ್ತಿದ್ದನು. ಡಿಸೆಂಬರ್ ಎಂದರೆ ಹತ್ತನೆಯದೆಂದಲ್ಲವೇ ಅರ್ಥ, ಹನ್ನೊಂದು ಹನ್ನೆರಡು ಇನ್ನೂ ಬಾಕಿ ಇವೆಯೆಂದು ವಾದಿಸಿ, ಅವನು ಪ್ರಜೆಗಳಿಂದ ವರ್ಷಕ್ಕೆ 14 ತಿಂಗಳ ಕಂದಾಯವನ್ನು ಕಿತ್ತುಕೊಂಡನು.

ಕೊನೆಗೆ ಚಕ್ರವರ್ತಿ ಅಗಸ್ಟಸನು ಹನ್ನೆರಡು ವರ್ಷಗಳ ಕಾಲ ಅಧಿಕ ದಿನವೇ ಕೂಡದೆಂದು ಅಪ್ಪಣೆ ಮಾಡಿ ಆ ಮೂರು ದಿನಗಳನ್ನು ತೀರಿಸಿದನು. ಮುಂದೆ ಯಾರೂ ಎಣಿಕೆ ತಪ್ಪದಿರಲೆಂದು ಈ ಕ್ರಮವನ್ನು ಕಂಚಿನ ಫಲಕದ ಮೇಲೆ ಕೊರೆಸಿಟ್ಟನು.