ರೈಲಿನ ಚಾವಣಿಯಿಂದ ಪಾತಾಳಲೋಕದವರೆಗೆ

1935ರಲ್ಲಿ ‘ಹಂಟರ್‌ವಾಲಿ’ ಸಿದ್ಧವಾದಾಗ ಅದನ್ನು ಕೊಳ್ಳಲು ವಿತರಕರು ಮುಂದೆ ಬರಲಿಲ್ಲ. ಹೊಂಗೂದಲಿನ, ನೀಲಿ ಕಣ್ಣಿನ ಹೆಣ್ಣೊಬ್ಬಳು ಮುಖವಾಡ ತೊಟ್ಟು, ಚಾವಟಿ ಬೀಸಿ ಗಂಡಸರನ್ನು ಸದೆಬಡಿಯುವುದನ್ನು ಜನ ಕಾಸು ಕೊಟ್ಟು ನೋಡಿಯಾರೇ ಎಂಬ ಅಳುಕು ಅವರಿಗೆ. ಕೊನೆಗೆ ನಿರ್ಮಾಪಕರೇ ಹಣ ಹೊಂದಿಸಿ ಬಿಡುಗಡೆ ಮಾಡಿದರು. ಚಿತ್ರ 25 ವಾರ ಓಡಿತು. ಆಸ್ಟ್ರೇಲಿಯಾದ ಪರ್ತ್‌ನಲ್ಲಿ ಹುಟ್ಟಿದ ಮೇರಿ ಇವಾನ್ಸ್ ರಾತ್ರೋರಾತ್ರಿ ‘ಫಿಯರ್‌ಲೆಸ್ ನಾಡಿಯಾ’ ಆದಳು. ಅವಳ ಹೆಸರು ಚರಿತ್ರೆಯಲ್ಲಿ ಉಳಿದಷ್ಟು ಗಟ್ಟಿಯಾಗಿ ಆ ಚಿತ್ರದ ನಿರ್ದೇಶಕನ ಹೆಸರು ಉಳಿಯಲಿಲ್ಲ. ಹೋಮಿ ವಾಡಿಯಾಗೆ ಆಗಿನ್ನೂ 24ರ ಹರೆಯ.

ವಾಡಿಯಾಗಳದು ಹಡಗು ಕಟ್ಟುವವರ ಮನೆತನ. ಪೂರ್ವಜ ಲೌಜಿ ನಸರ್‌ವಾನ್‌ಜಿ 1736ರಲ್ಲಿ ಸೂರತ್ತಿನಿಂದ ಮುಂಬೈಗೆ ಬಂದದ್ದೇ ಹಡಗು ಕಟ್ಟಲು. ಆತನ ಹೆಸರು ಹೊತ್ತ ಪರೇಲಿನ ಲೌಜಿ ಕ್ಯಾಸಲ್‌ನಲ್ಲಿ 1933ರಲ್ಲಿ ‘ವಾಡಿಯಾ ಮೂವಿಟೋನ್’ ಶುರುವಾಯಿತು. ಅಣ್ಣ ಜೆ.ಬಿ.ಎಚ್. ವಾಡಿಯಾ ಕಥೆ ಹೊಸೆಯುವವರು, ಓದಿಕೊಂಡವರು. ಹತ್ತು ವರ್ಷ ಕಿರಿಯನಾದ ಹೋಮಿ ಕ್ಯಾಮೆರಾ ಹಿಡಿದು ಕೆಲಸ ಕಲಿತವನು. ಮುಂದಿನದಕ್ಕೆಲ್ಲ ಆ ಕಲಿಕೆಯೇ ಬೇರು ಎಂದು ತೋರುತ್ತದೆ.

‘ಮಿಸ್ ಫ್ರಾಂಟಿಯರ್ ಮೇಲ್’ (1936) ಚಿತ್ರದಲ್ಲಿ ನಾಡಿಯಾ ಓಡುವ ರೈಲಿನ ಚಾವಣಿಯ ಮೇಲೆ ಹೊಡೆದಾಡುತ್ತಾಳೆ. ಡ್ಯೂಪ್ ಇಲ್ಲ. ‘ಡೈಮಂಡ್ ಕ್ವೀನ್’ (1940), ಸಿಂಹಗಳ ಜೊತೆ ಚಿತ್ರಿಸಿದ ‘ಜಂಗಲ್ ಪ್ರಿನ್ಸೆಸ್’ (1942) ಇದೇ ಸಾಲಿನವು. ಕುದುರೆ, ನಾಯಿ, ಕಾರುಗಳಿಗೂ ಪಾತ್ರಗಳಷ್ಟೇ ಮಹತ್ವ. ದೇಹದಾರ್ಢ್ಯಪಟು ಜಾನ್ ಕಾವಸ್ ಪಕ್ಕದಲ್ಲಿದ್ದರೂ ಕಾಪಾಡುವ ಕೆಲಸ ನಾಯಕಿಯದೇ.

ಅಣ್ಣನ ಮನಸ್ಸು ಸಾಮಾಜಿಕ ಚಿತ್ರಗಳತ್ತ ವಾಲಿದಾಗ ತಮ್ಮ 1942ರಲ್ಲಿ ‘ಬಸಂತ್ ಪಿಕ್ಚರ್ಸ್’ ತೆರೆದ. ಪರೇಲಿನ ಸ್ಟುಡಿಯೊ ವಿ. ಶಾಂತಾರಾಂ ಅವರ ರಾಜಕಮಲ್ ಕಲಾಮಂದಿರವಾಯಿತು. ಹೋಮಿ ಚೆಂಬೂರಿನಲ್ಲಿ ಬಸಂತ್ ಸ್ಟುಡಿಯೊ ಕಟ್ಟಿದ. 

ಅವನ ಕಸುಬಿನ ಇನ್ನೊಂದು ಮಗ್ಗುಲು ತೆರೆದುಕೊಂಡದ್ದು ಇಲ್ಲಿ. ಪುರಾಣದತ್ತ ಹೊರಳಿದ ಹೋಮಿ ‘ಶ್ರೀ ಗಣೇಶ ಮಹಿಮಾ’ (1950), ‘ಹನುಮಾನ್ ಪಾತಾಳ ವಿಜಯ್’ (1951), ಹಿಂದೆಯೇ ‘ಅಲ್ಲಾದೀನ್ ಔರ್ ಜಾದೂಯಿ ಚಿರಾಗ್’ (1952) ಮಾಡಿದ. ಮೂರರಲ್ಲೂ ನಾಯಕಿ ಮೀನಾಕುಮಾರಿ. ‘ಬೈಜೂ ಬಾವ್ರಾ’ ಅವಳನ್ನು ತಾರೆಯಾಗಿಸುವ ಮೊದಲು ಅನ್ನ ಕೊಟ್ಟ ಚಿತ್ರಗಳಿವು. ಸಂಗೀತ ನಿರ್ದೇಶಕ ಎಸ್.ಎನ್. ತ್ರಿಪಾಠಿ ಹನುಮಂತನ ವೇಷವನ್ನೂ ಕಟ್ಟುತ್ತಿದ್ದರು. ತೆರೆಯ ಮೇಲಿನ ಮಾಯೆಗಳಿಗೆ ಬಾಬುಭಾಯಿ ಮಿಸ್ತ್ರಿ ಇದ್ದರು. 1937ರ ‘ಖ್ವಾಬ್ ಕಿ ದುನಿಯಾ’ದಲ್ಲಿ ಕಪ್ಪು ದಾರ ಕಟ್ಟಿ ವಸ್ತುಗಳನ್ನು ತಾವಾಗಿ ಚಲಿಸುವಂತೆ ಕಾಣಿಸಿ ‘ಕಾಲಾ ಧಾಗಾ’ ಎಂದೇ ಹೆಸರಾದವರು.

ಅಲಿಬಾಬಾ, ಹಾತಿಂತಾಯ್, ಟಾರ್ಜನ್ ನೆನಪಿಸುವ ‘ಜಿಂಬೊ’ ಒಂದರ ಹಿಂದೊಂದು ಬಂದವು. ಪ್ರಕಾರ ಬದಲಾದರೂ ರೈಲಿನ ಚಾವಣಿಯ ಮೇಲಿದ್ದ ಆ ವೇಗವೇ ಹನುಮಂತನ ಜಿಗಿತಕ್ಕೂ ಒದಗಿತು. ಇವನ್ನು ಅಗ್ಗದ ಚಿತ್ರಗಳೆಂದು ಬದಿಗಿಟ್ಟದ್ದು ಅನ್ಯಾಯ. ಹೋಲಿಕೆಗೆ ನೋಡಿ: ಇಟಲಿಯ ನಿರ್ದೇಶಕ ಸೆರ್ಜಿಯೊ ಸೊಲ್ಲಿಮಾ ಗೂಢಚಾರರ ಚಿತ್ರ, ಕೌಬಾಯ್ ಚಿತ್ರಗಳನ್ನು ದಾಟಿ, 1976ರಲ್ಲಿ ‘ಸಂದೋಕಾನ್’ ಟಿವಿ ಸರಣಿಯ ಮೂಲಕ ನಟ ಕಬೀರ್ ಬೇಡಿಯನ್ನು ತನ್ನ ನಾಡಿನ ಮನೆಮಾತಾಗಿಸಿದ. ಒಂದು ಪ್ರಕಾರದಿಂದ ಇನ್ನೊಂದಕ್ಕೆ ಹೀಗೆ ನಿರಾಯಾಸ ದಾಟುವ ಜಾಣ್ಮೆಯನ್ನು ಮುಂಬೈ ಅದಕ್ಕೂ ಬಹಳ ಮೊದಲೇ ಕಂಡಿತ್ತು.

ಹೋಮಿ–ನಾಡಿಯಾ ಮದುವೆಯಾದದ್ದು 1961ರಲ್ಲಿ. ಮನೆಯವರ ವಿರೋಧದಿಂದ ಅಷ್ಟು ವರ್ಷ ಕಾಯಬೇಕಾಯಿತು. ಅವಳ ಕೊನೆಯ ಚಿತ್ರ ‘ಖಿಲಾಡಿ’ಯನ್ನೂ (1968) ನಿರ್ದೇಶಿಸಿದ್ದು ಅವನೇ. ಜೆ.ಬಿ.ಎಚ್. ಅವರ ಮೊಮ್ಮಗ ರಿಯಾದ್ ವಾಡಿಯಾ 1993ರಲ್ಲಿ ಮಾಡಿದ ಸಾಕ್ಷ್ಯಚಿತ್ರ ನಾಡಿಯಾಳನ್ನು ಹೊಸ ಪೀಳಿಗೆಗೆ ಪರಿಚಯಿಸಿತು. ಹೋಮಿ 2004ರಲ್ಲಿ ತೀರಿಕೊಂಡ. ಅವನ ಪುರಾಣ, ಜಾದೂ ಚಿತ್ರಗಳನ್ನು ಅಷ್ಟೇ ಅಕ್ಕರೆಯಿಂದ ಮತ್ತೆ ನೋಡುವ ಕೆಲಸ ಬಾಕಿಯಿದೆ.