ಬೆಳಕು ಬಲ್ಲ ಕ್ರಿಸ್ಟೆನ್ಸನ್

ಡೆನ್ಮಾರ್ಕ್ ಸಿನಿಮಾ ಎಂದೊಡನೆ ನಮ್ಮ ಚಿತ್ರರಸಿಕರಿಗೆ ನೆನಪಾಗುವುದು ಕಾರ್ಲ್ ಡ್ರೇಯರ್. ಅವರಿಗಿಂತ ಮೊದಲೇ ನೆರಳು ಬೆಳಕಿನಲ್ಲಿ ಕಥೆ ಹೇಳಿದ ಬೆಂಜಮಿನ್ ಕ್ರಿಸ್ಟೆನ್ಸನ್ ಅವರ ಹೆಸರು ಕೇಳಿದವರು ಕಡಿಮೆ. 1879ರಲ್ಲಿ ವಿಬೋರ್ಗ್ ಊರಿನಲ್ಲಿ ಹುಟ್ಟಿದ ಅವರು ಆಪೆರಾ ಗಾಯಕರಾಗಲು ಹೊರಟವರು. ಕಂಠ ಕೈಕೊಟ್ಟಿತು. ಕೆಲಕಾಲ ಶಾಂಪೇನ್ ವ್ಯಾಪಾರ ಮಾಡಿದರು, ಸಿನಿಮಾದಲ್ಲಿ ನಟಿಸಿದರು. 1914ರಲ್ಲಿ ‘ನಿಗೂಢ ಎಕ್ಸ್’ ನಿರ್ದೇಶಿಸಿ ತಾವೇ ನಾಯಕರಾದರು. ಬಾಗಿಲು ತೆರೆದರೆ ಕತ್ತಲ ಕೋಣೆಗೆ ಬೆಳಕು ನುಗ್ಗುತ್ತದೆ, ಮನುಷ್ಯರು ಬರೀ ಕಪ್ಪು ಆಕೃತಿಗಳಾಗಿ ನಿಲ್ಲುತ್ತಾರೆ. ಮೊದಲ ಚಿತ್ರದಲ್ಲೇ ಇಂಥ ಹಿಡಿತ!

ಅವರ ಹೆಸರು ಉಳಿಸಿದ್ದು 1922ರ ‘ಹೆಕ್ಸನ್’. ಹಣ ಸ್ವೀಡನ್ನಿನ ಸಂಸ್ಥೆಯದು, ಚಿತ್ರೀಕರಣ ಡೆನ್ಮಾರ್ಕಿನಲ್ಲಿ. ಮಾಟಗಾತಿಯರೆಂದು ಹೆಂಗಸರನ್ನು ಸುಟ್ಟ ಯುರೋಪಿನ ಕಥೆಯನ್ನು ಹಳೆಯ ಗ್ರಂಥಗಳಿಂದ ಕೆದಕಿ ತೆಗೆದ ಈ ಚಿತ್ರ, ಆರಂಭದಲ್ಲಿ ಪಾಠದಂತೆ ಸಾಗುತ್ತದೆ: ಹಳೆಯ ಚಿತ್ರಗಳ ಮೇಲೆ ಕಡ್ಡಿಯೊಂದು ಆಡುತ್ತದೆ. ಆಮೇಲೆ ಕಥೆ ಬರುತ್ತದೆ. ಮುದ್ರಕನೊಬ್ಬ ಕಾಯಿಲೆ ಬಿದ್ದಾಗ ಮನೆಯವರ ಸಂಶಯ ಬಡ ಮುದುಕಿ ಮಾರಿಯಾಳ ಮೇಲೆ ಬೀಳುತ್ತದೆ. ಚಿತ್ರಹಿಂಸೆ ತಾಳಲಾರದೆ ಅವಳು ಕೇಳಿದ್ದನ್ನೆಲ್ಲ ಒಪ್ಪಿಕೊಳ್ಳುತ್ತಾಳೆ, ಇತರರ ಹೆಸರನ್ನೂ ಹೇಳುತ್ತಾಳೆ. ದೂರು ಕೊಟ್ಟ ಮನೆಯ ಹೆಂಗಸರೇ ಕೊನೆಗೆ ಅದೇ ಬಲೆಗೆ ಬೀಳುತ್ತಾರೆ. ಮಾರಿಯಾ ಆದ ಮಾರೆನ್ ಪೆಡರ್ಸನ್ ಅವರ ಸುಕ್ಕುಗಟ್ಟಿದ ಮುಖವನ್ನು ಕ್ಯಾಮೆರಾ ಹತ್ತಿರದಿಂದ, ಅವಸರವಿಲ್ಲದೆ ನೋಡುತ್ತದೆ. ಸೈತಾನನನ್ನು ತನ್ನ ಹಾಸಿಗೆಯ ಪಕ್ಕ ಕಂಡಿದ್ದೇನೆಂದು ಆಕೆ ಚಿತ್ರೀಕರಣದ ನಡುವೆ ಹೇಳಿದ್ದನ್ನೂ ಕ್ರಿಸ್ಟೆನ್ಸನ್ ಚಿತ್ರದಲ್ಲೇ ಸೇರಿಸಿದರು. ಸೈತಾನನ ವೇಷ ಹಾಕಿದ್ದು ಅವರೇ. ಆದರೂ ನನ್ನನ್ನು ನಡುಗಿಸುವುದು ಆ ಕೊಂಬಿನವನಲ್ಲ, ಶಾಂತವಾಗಿ ಪ್ರಶ್ನೆ ಕೇಳುವ ವಿಚಾರಣಾಧಿಕಾರಿಗಳು.

ನಗ್ನತೆ, ಹಿಂಸೆ, ಪಾದ್ರಿಗಳ ಚಿತ್ರಣ ಕಂಡು ಹಲವು ದೇಶಗಳ ಸೆನ್ಸಾರ್ ಮುನಿಯಿತು. 1924ರಲ್ಲಿ ಡ್ರೇಯರ್ ಅವರ ‘ಮಿಕಾಯೆಲ್’ನಲ್ಲಿ ವೃದ್ಧ ಕಲಾವಿದನ ಪಾತ್ರ ಮಾಡಿದ ಕ್ರಿಸ್ಟೆನ್ಸನ್ ಬಳಿಕ ಹಾಲಿವುಡ್‌ಗೆ ಹೋದರು. ಲಾನ್ ಚೇನಿಯಂಥ ನಟರಿದ್ದರೂ ಅಲ್ಲಿನ ಸ್ಟುಡಿಯೊ ಪದ್ಧತಿಯಲ್ಲಿ ಅವರಿಗೆ ಬೇಕಾದ ಸಲಿಗೆ ಸಿಗಲಿಲ್ಲ. ತಾಯ್ನಾಡಿಗೆ ಮರಳಿ 1939ರಿಂದ 1942ರವರೆಗೆ ನಾಲ್ಕು ಚಿತ್ರ ಮಾಡಿದರು. ಕೊನೆಯದು ಸೋತಿತು. 1959ರಲ್ಲಿ ತೀರಿಕೊಳ್ಳುವವರೆಗೂ ಕೋಪನ್‌ಹೇಗನ್ ಹೊರವಲಯದ ಚಿತ್ರಮಂದಿರವೊಂದನ್ನು ನಡೆಸಿಕೊಂಡಿದ್ದರು.

‘ಹೆಕ್ಸನ್’ ನೋಡುವವರು ಪೂರ್ಣ ಆವೃತ್ತಿಯನ್ನೇ ಹುಡುಕಿ. 1968ರಲ್ಲಿ ಅಮೆರಿಕದ ಲೇಖಕ ವಿಲಿಯಂ ಬರೋಸ್ ಅವರ ನಿರೂಪಣೆ ಮತ್ತು ಜಾಝ್ ಸಂಗೀತ ಸೇರಿಸಿದ ಕಿರು ಆವೃತ್ತಿ ಬಂತು. ಅದರಲ್ಲಿ ಮಾರಿಯಾಳ ಮುಖ ನೋಡುತ್ತಿರುವಾಗಲೂ ಕಿವಿಗೆ ಬಿಡುವಿಲ್ಲ.