ಯೋ-ಯೋ ಕೇಳಿದ ಹುಡುಗಿಗೆ ಗೊತ್ತಾಯ್ತು

ವೀಕೆಂಡ್‌ಗೆ ಹಗುರವಾದ ಸಿನಿಮಾ ಬೇಕು ಅನ್ನೋರಿಗೆ ಇದು ಆಗಿಬರೋದಿಲ್ಲ, ಮೊದಲೇ ಹೇಳಿಬಿಡ್ತೀನಿ. 1966ರ ಜಪಾನಿ ಚಿತ್ರ ‘ತನಿನ್ ನೊ ಕಾವೊ’. ಕನ್ನಡದಲ್ಲಿ ‘ಇನ್ನೊಬ್ಬನ ಮುಖ’ ಅನ್ನಬಹುದು. ಕೋಬೊ ಅಬೆ ತಮ್ಮದೇ ಕಾದಂಬರಿಗೆ ಚಿತ್ರಕಥೆ ಬರೆದಿದ್ದಾರೆ, ನಿರ್ದೇಶನ ಹಿರೋಶಿ ತೆಶಿಗಹಾರಾ ಅವರದ್ದು.

ಕೆಲಸದ ಜಾಗದಲ್ಲಾದ ಅಪಘಾತದಲ್ಲಿ ಒಕುಯಾಮಾನ ಮುಖ ಸುಟ್ಟುಹೋಗಿದೆ. ತಲೆತುಂಬ ಬ್ಯಾಂಡೇಜ್. ಹೆಂಡತಿಯ ಹತ್ತಿರ ಹೋದರೆ ಅವಳು ಹಿಂದೆ ಸರಿಯುತ್ತಾಳೆ. ಮನೋವೈದ್ಯನೊಬ್ಬ ಅಪರಿಚಿತನಿಗೆ ದುಡ್ಡು ಕೊಟ್ಟು, ಅವನ ಮುಖದ ಅಚ್ಚು ತೆಗೆದು ಇವನಿಗೊಂದು ಮುಖವಾಡ ಮಾಡಿಕೊಡ್ತಾನೆ.

ನನಗೆ ತುಂಬಾ ಹಿಡಿಸಿದ್ದು ಇಲ್ಲಿಂದ ಮುಂದಿನದು. ಒಕುಯಾಮಾ ಒಂದೇ ಕಟ್ಟಡದಲ್ಲಿ ಎರಡು ರೂಮು ಬಾಡಿಗೆಗೆ ಹಿಡೀತಾನೆ: ಒಂದು ಬ್ಯಾಂಡೇಜ್ ಹಾಕಿಕೊಂಡು, ಇನ್ನೊಂದು ಹೊಸ ಮುಖದಲ್ಲಿ. ಕಟ್ಟಡ ನೋಡಿಕೊಳ್ಳುವವನಿಗೆ ಸಂಶಯವೇ ಬರಲ್ಲ. ಆದರೆ ಅವನ ಮಗಳು, ಬುದ್ಧಿ ಬೆಳೆಯದವಳು ಅಂತ ಎಲ್ಲರೂ ಪಕ್ಕಕ್ಕಿಟ್ಟ ಹುಡುಗಿ, ಹೊಸ ಮುಖದವನ ಹತ್ತಿರವೂ ಯೋ-ಯೋ ಕೇಳುತ್ತಾಳೆ. ದಿನಾ ಆಫೀಸಿನ ಗೇಟಿನಲ್ಲಿ ಕ್ಯಾಮೆರಾಗೆ ಮುಖ ತೋರಿಸಿ ಒಳಗೆ ಹೋಗೋ ನನಗೆ ಇದು ಚುರುಕ್ ಅಂತು. ಊರೆಲ್ಲ ಚೆಕ್ ಮಾಡೋದು ಮುಖವನ್ನ, ಅವಳು ನೋಡಿದ್ದು ಮನುಷ್ಯನನ್ನ.

ಆಮೇಲೆ ಅವನು ಮುಖವಾಡ ಹಾಕಿಕೊಂಡೇ ಸ್ವಂತ ಹೆಂಡತಿಯನ್ನು ಒಲಿಸಿಕೊಳ್ಳುತ್ತಾನೆ. ಅವಳು ಸುಲಭವಾಗಿ ಒಲಿದಳಲ್ಲ ಅಂತ ಕೋಪ ಬೇರೆ! ಆಕೆ ಹೇಳ್ತಾಳೆ: ಇದು ನೀನೇ ಅಂತ ಮೊದಲಿಂದಲೂ ಗೊತ್ತಿತ್ತು, ಇಬ್ಬರೂ ಒಪ್ಪಿ ಆಡ್ತಿರೋ ಆಟ ಅಂದುಕೊಂಡಿದ್ದೆ. ಮಾಚಿಕೊ ಕ್ಯೋ ಅಭಿನಯ ನೋಡಲಿಕ್ಕಾದರೂ ಈ ದೃಶ್ಯ ನೋಡಿ. ‘ರಾಶೋಮನ್’ ಚಿತ್ರದ ನಟಿಯೇ ಇವರು. ತಾತ್ಸುಯಾ ನಕದಾಯ್ ಸಹ ಕಮ್ಮಿ ಇಲ್ಲ, ಅರ್ಧ ಸಿನಿಮಾ ಬರೀ ಕಣ್ಣು, ದನಿಯಲ್ಲೇ ನಡೆಸಿದ್ದಾರೆ.

ಟೋಕಿಯೊ ಒಲಿಂಪಿಕ್ಸ್ ಮುಗಿದು ಆಗ ಎರಡೇ ವರ್ಷ. ಯುದ್ಧ ಸೋತ ದೇಶ ಹೊಸ ಮುಖ ತೊಟ್ಟು ನಿಂತಿತ್ತು. ಹಾಗಾಗಿಯೇ ಇರಬೇಕು, ಕಥೆಯ ನಡುನಡುವೆ ಇನ್ನೊಬ್ಬ ಹುಡುಗಿ ಬರುತ್ತಾಳೆ. ನಾಗಸಾಕಿಯ ನೆನಪು ಹೊತ್ತವಳು. ಒಂದು ಕೆನ್ನೆ ಚೆಂದ, ಇನ್ನೊಂದರ ತುಂಬ ಕಲೆ. ಮನಸ್ಸು ಕೆಟ್ಟ ಮಾಜಿ ಸೈನಿಕರಿರುವ ಆಸ್ಪತ್ರೆಯಲ್ಲಿ ಕೆಲಸ ಮಾಡ್ತಾಳೆ, ಮತ್ತೆ ಯುದ್ಧ ಬರುತ್ತಾ ಅಂತ ಅಣ್ಣನನ್ನು ಕೇಳ್ತಾಳೆ. ಅವಳಿಗೆ ಮುಖವಾಡ ಮಾಡಿಕೊಡೋ ಡಾಕ್ಟರ್ ಯಾರೂ ಸಿಗಲಿಲ್ಲ. ಕೂದಲನ್ನೇ ಕೆನ್ನೆಗೆ ಅಡ್ಡ ತಂದುಕೊಂಡು ರಸ್ತೆಯಲ್ಲಿ ನಡೀತಾಳೆ.